ಒಂದು ಗುಟುಕಿನ ನಟಿ

ಊಟಕ್ಕೆ ಕೂತವರ ಮುಖ ನೋಡಬೇಕಾದ ಕಡೆ ನಾನು ಕುತ್ತಿಗೆ ನೋಡುತ್ತೇನೆ. ಇದು ಸಭ್ಯರ ಅಭ್ಯಾಸವಲ್ಲ ಎಂದು ನನಗೂ ಗೊತ್ತು. ಕಳೆದ ನವೆಂಬರಿನಲ್ಲಿ ಇಲ್ಲಿ ದುಬೈನ ಕನ್ನಡದವರೆಲ್ಲ ಸೇರಿ ಅಲ್ ಕುಸೈಸಿನ ಶಾಲೆಯೊಂದರ ಸಭಾಂಗಣದಲ್ಲಿ ರಾಜ್ಯೋತ್ಸವದ ಊಟ ಇಟ್ಟುಕೊಂಡಿದ್ದೆವು. ಎದುರು ಸಾಲಿನಲ್ಲಿದ್ದ ದಾವಣಗೆರೆಯ ಹಿರಿಯರೊಬ್ಬರು ಪ್ರತಿ ತುತ್ತನ್ನೂ ಎರಡೆರಡು ಸಲ ನುಂಗುತ್ತಿದ್ದರು. ನಾನು ಕಣ್ಣು ಕೀಳದೆ ನೋಡುತ್ತಿದ್ದೆ. ಅವರು ಮೊದಲು ಅಂಗಿಯ ಗುಂಡಿ ಮುಟ್ಟಿ ನೋಡಿಕೊಂಡರು, ಆಮೇಲೆ ಗಲ್ಲ ಒರೆಸಿಕೊಂಡರು, ಕಡೆಗೆ ಪಕ್ಕದಲ್ಲಿದ್ದ ಹೆಂಡತಿಯ ಕಿವಿಯಲ್ಲಿ ಏನೋ ಹೇಳಿದರು. ಆಕೆ ಊಟ ಮುಗಿಯುವವರೆಗೆ ನನ್ನನ್ನು ದುರುಗುಟ್ಟಿ ನೋಡುತ್ತಲೇ ಇದ್ದರು.

"ಯಾವತ್ತಾದರೂ ಒಂದಿನ ಯಾರ ಕೈಲಾದರೂ ಚೆನ್ನಾಗಿ ಬೈಸಿಕೊಳ್ತೀಯ," ಎಂದ ನನ್ನ ಗಂಡ ರಘು, ಕಾರಿನಲ್ಲಿ.

"ಅವರಿಗೆ ಪಾಯಸ ಬಡಿಸಬಾರದಿತ್ತು ಕಣೋ. ತೆಳ್ಳಗಿತ್ತು, ಜಾರಿಬಿಡತ್ತೆ."

"ಹೋಳಿಗೆ ಬಡಿಸಬಾರದು ಅನ್ನೋರನ್ನ ನೋಡಿದ್ದೀನಿ, ಸಕ್ಕರೆ ಕಾಯಿಲೆಗೆ. ಪಾಯಸ ತೆಳ್ಳಗಾಯ್ತು ಅಂತ ತಡೆಯೋಳು ನೀನೊಬ್ಬಳೇ."

ನನ್ನ ಕೆಲಸವೇ ಅದು. ಮೈಸೂರಿನಲ್ಲಿ ವಾಕ್‌ಚಿಕಿತ್ಸೆ ಓದಿ ಬಂದವಳು ನಾನು. ವಾಕ್‌ಚಿಕಿತ್ಸೆ ಎಂದರೆ ತೊದಲುವವರಿಗೆ ಮಾತು ತಿದ್ದುವುದು ಎಂದು ಎಲ್ಲರೂ ತಿಳಿದಿರುತ್ತಾರೆ. ಅದು ಅರ್ಧ ಕೆಲಸ. ಉಳಿದರ್ಧ, ಪಾರ್ಶ್ವವಾಯು ಹೊಡೆದವರಿಗೆ, ಗಂಟಲ ಶಸ್ತ್ರಚಿಕಿತ್ಸೆ ಆದವರಿಗೆ ಮತ್ತೆ ನುಂಗುವುದನ್ನು ಕಲಿಸುವುದು. ಇದನ್ನು ಅಮ್ಮ ಒಮ್ಮೆ ಪಕ್ಕದ ಮನೆಯ ಸರೋಜಮ್ಮನಿಗೆ ಹೆಮ್ಮೆಯಿಂದ ವಿವರಿಸಿದಾಗ ಅವರು ಎಲ್ಲ ಕೇಳಿಸಿಕೊಂಡು, "ನುಂಗೋದು ಹೇಳಿಕೊಡಕ್ಕೆ ದುಬೈವರೆಗೂ ಹೋಗಬೇಕಾಯ್ತೇನ್ರೀ ಪಾಪ," ಎಂದರಂತೆ.

ನುಂಗುವ ವಿಷಯದಲ್ಲಿ ನಮ್ಮ ಮನೆ ಮೊದಲಿಂದಲೂ ಕಟ್ಟುನಿಟ್ಟು. ಲೋಟ ಕಚ್ಚಿ ಕುಡಿಯುವ ಹಾಗಿರಲಿಲ್ಲ, ಎತ್ತಿಯೇ ಕುಡಿಯಬೇಕು. ಅಜ್ಜಿಯ ಎದುರು ಕೂತು, ತಲೆ ಹಿಂದಕ್ಕೆ ಬಾಗಿಸಿ, ಬಿಸಿ ಕಾಫಿಯ ಧಾರೆಯನ್ನು ಅಂತರದಲ್ಲೇ ಹಿಡಿಯಲು ಹೋಗಿ ನಾನು ಮೂಗಿನಿಂದಲೂ ಕಾಫಿ ಕುಡಿದದ್ದುಂಟು. ಅಮ್ಮನ ತವರು ಮದ್ದೂರಿನ ಕಡೆ. ಅಲ್ಲಿ ಮುದ್ದೆಯ ಪಾಠ. ಸೊಪ್ಪಿನ ಸಾರಿನಲ್ಲಿ ಅದ್ದಿದ ತುತ್ತನ್ನು ನಾನು ಹಲ್ಲಿಗೆ ಕೊಟ್ಟರೆ ತಾತ ಊಟ ನಿಲ್ಲಿಸಿ ನೋಡುತ್ತಿದ್ದರು. "ಅಗೀಬ್ಯಾಡ ಕಣವ್ವ. ಮುದ್ದೆಗೆ ಬೇಜಾರಾಯ್ತದೆ," ಎನ್ನುತ್ತಿದ್ದರು. ಮುದ್ದೆಗೆ ಬೇಜಾರು ಮಾಡಬಾರದೆಂದು ನಾನು ಕಣ್ಣು ಮುಚ್ಚಿ ನುಂಗುತ್ತಿದ್ದೆ. ಮುಂದೆ ಇದೇ ಹೊಟ್ಟೆಪಾಡಾಗುತ್ತದೆ ಎಂದು ತಾತನಿಗೂ ಗೊತ್ತಿರಲಿಲ್ಲ.

ನೋಡಿದರೆ ಇದು ದೊಡ್ಡ ವಿದ್ಯೆಯೇ. ಗಂಟಲಲ್ಲಿ ಎರಡು ದಾರಿ, ಒಂದು ಉಸಿರಿಗೆ, ಇನ್ನೊಂದು ಅನ್ನಕ್ಕೆ. ನುಂಗುವ ಗಳಿಗೆಯಲ್ಲಿ ಉಸಿರಿನ ದಾರಿಗೆ ಒಂದು ಪುಟ್ಟ ಕದ ತಾನೇ ಮುಚ್ಚಿಕೊಳ್ಳುತ್ತದೆ. ಅದು ಅರೆಗಳಿಗೆ ತಡವಾದರೆ ನೀರು ಶ್ವಾಸಕೋಶಕ್ಕೆ ಇಳಿಯುತ್ತದೆ, ಹಿಂದೆಯೇ ನ್ಯುಮೋನಿಯಾ ಬರುತ್ತದೆ. ಬೇರೆ ಯಾರಿಗೂ ಹೊಳೆಯದ ಈ ಕದದ ಚಿಂತೆಯಲ್ಲೇ ನನ್ನ ದಿನಗಳು ಕಳೆಯುತ್ತವೆ.

ಹಸಿಂತಾ ಅವರನ್ನು ನಾನು ಕಂಡದ್ದೂ ಈ ಕದದ ದೆಸೆಯಿಂದಲೇ. ಹಸಿಂತಾ ಎನ್ನುವುದು ಅವರ ಹುಟ್ಟುಹೆಸರು. ಸಿನಿಮಾಕ್ಕೆ ಇಟ್ಟುಕೊಂಡ ಹೆಸರು ಬೇರೆ. ಅದನ್ನು ಬರೆಯುವುದಿಲ್ಲ ಎಂದು ಅವರ ಮಗಳಿಗೆ ಮಾತು ಕೊಟ್ಟಿದ್ದೇನೆ. ಮೆಕ್ಸಿಕೋದ ಹಳೆಯ ಕಪ್ಪು ಬಿಳುಪು ಚಿತ್ರಗಳ ಕಾಲದ ನಟಿ, ವಯಸ್ಸು ತೊಂಬತ್ತರ ಹತ್ತಿರ, ಪಾರ್ಶ್ವವಾಯು, ಮೂಗಿನಿಂದ ಹೊಟ್ಟೆಗೆ ಇಳಿಬಿಟ್ಟ ನಳಿಕೆಯಲ್ಲಿ ಆಹಾರ, ಮನೆಗೇ ಹೋಗಿ ನೋಡಬೇಕು. ನನಗೆ ಹೇಳಿದ್ದು ಇಷ್ಟೇ.

ಮನೆ ಮಿರ್ದಿಫ್‌ನಲ್ಲಿ. ವಿಮಾನಗಳು ಛಾವಣಿ ಸವರಿಕೊಂಡು ಹೋದ ಹಾಗೆ ಸದ್ದು. ಬಾಗಿಲು ತೆರೆದವಳು ಮನೆಯಲ್ಲೇ ಇದ್ದು ನೋಡಿಕೊಳ್ಳುವ ನರ್ಸ್, ಸೆವ್ರಿನ್. ನನ್ನ ಹೆಸರು ಕೇಳಿದ್ದೇ ಇಂಗ್ಲಿಷ್ ಬಿಟ್ಟಳು.

"ಕನ್ನಡದವರಾ ಮೇಡಂ? ನಾನು ಮೂಡಬಿದ್ರೆ. ಬನ್ನಿ, ಅಮ್ಮ ಇವತ್ತು ಭಯಂಕರ ಗರಂ ಉಂಟು. ಬೆಳಿಗ್ಗೆ ಪೈಪ್ ಎಳೆದು ಹಾಕಿದ್ದಾರೆ. ಎಂತ ಮಾಡುದು ಹೇಳಿ. ನಮ್ಮಲ್ಲಿ ಈ ಹೆಸರನ್ನು ಜೆಸಿಂತಾ ಅಂತ ಹೇಳುದು. ನನ್ನ ದೊಡ್ಡಮ್ಮನದ್ದೂ ಅದೇ ಹೆಸರು, ಅದೇ ಸಿಟ್ಟು."

ಕಿಟಕಿಯ ಪಕ್ಕದ ಕುರ್ಚಿಯಲ್ಲಿ ಚಿಕ್ಕ ದೇಹದ ಮುದುಕಿ ಕೂತಿದ್ದರು. ಬಲಗೈ ಮಡಿಲಲ್ಲಿ ಸುಮ್ಮನೆ ಬಿದ್ದಿತ್ತು. ಮಾತು ಜಡವಾಗಿತ್ತು, ಆದರೆ ಇತ್ತು. ಅವರ ಸ್ಪ್ಯಾನಿಷನ್ನು ಮಗಳು ಇನೆಸ್ ನನಗೆ ಇಂಗ್ಲಿಷಿನಲ್ಲಿ ಹೇಳುತ್ತಿದ್ದಳು. ಇನೆಸ್‌ಗೂ ಅರವತ್ತು ಆಗಿದೆ. ಹೋಟೆಲುಗಳ ಒಳಾಂಗಣ ವಿನ್ಯಾಸ ಮಾಡುತ್ತಾಳೆ. ನಾನು ನಮಸ್ಕಾರ ಹೇಳಿ ಕೂತೆ. ಹಸಿಂತಾ ನನಗೆ ಉತ್ತರಿಸದೆ ಎಡಗೈಯಿಂದ ಮೇಜಿನ ದೀಪ ತೋರಿಸಿ ಏನೋ ಹೇಳಿದರು.

"ನಿಮ್ಮ ಮುಖದ ಮೇಲೆ ಬೆಳಕಿಲ್ಲವಂತೆ," ಎಂದಳು ಇನೆಸ್. "ಯಾರ ಹತ್ತಿರ ಮಾತಾಡ್ತಿದ್ದೀನಿ ಅಂತ ಗೊತ್ತಾಗ್ತಿಲ್ಲವಂತೆ."

ಸೆವ್ರಿನ್ ದೀಪ ಸರಿಸಿದಳು. ಹಸಿಂತಾ ನನ್ನನ್ನು ಬಹಳ ಹೊತ್ತು ನೋಡಿದರು. ಆಮೇಲೆ ಬೆರಳಿನಿಂದ, ಸ್ವಲ್ಪ ಆ ಕಡೆ ತಿರುಗು ಎಂದು ತೋರಿಸಿದರು. ತಿರುಗಿದೆ. ತಲೆಯಾಡಿಸಿದರು. ನನ್ನ ಎಡಮಗ್ಗುಲು ಚೆನ್ನಾಗಿದೆಯಂತೆ. ನಲವತ್ತು ದಾಟಿದ ಮೇಲೆ, ರೋಗಿಯ ಮನೆಯಲ್ಲಿ, ನನಗೂ ಒಂದು ಒಳ್ಳೆಯ ಮಗ್ಗುಲಿದೆ ಎಂದು ತಿಳಿಯಿತು.

ಮೊದಲ ದಿನ ನನಗೆ ಸೋಲು. ನುಂಗಲು ಕಷ್ಟವಿರುವವರಿಗೆ ನೀರಿಗೆ ಪುಡಿ ಬೆರೆಸಿ ಗಂಜಿಯ ಹದಕ್ಕೆ ತಂದು ಚಮಚದಲ್ಲಿ ಕೊಡುತ್ತೇವೆ. ಅವರು ಅದನ್ನು ಬಾಯಿಗೆ ತೆಗೆದುಕೊಂಡರು, ಯೋಚಿಸಿದರು, ರಾಣಿಯೊಬ್ಬಳು ದೂತನ ಪತ್ರ ವಾಪಸು ಕೊಡುವ ಠೀವಿಯಲ್ಲಿ ಟವೆಲಿನೊಳಗೆ ಉಗಿದರು. ಬಾಯಿ ಒಣಗಿ ನಾನು ನನ್ನ ಬಾಟಲಿ ತೆಗೆದು ಎತ್ತಿ ಕುಡಿದೆ. ಕುಡಿದು ತಲೆ ಇಳಿಸಿದರೆ ಮುದುಕಿ ಬಾಯಿ ತೆರೆದು ನನ್ನನ್ನೇ ನೋಡುತ್ತಿದ್ದಾರೆ. ಇನ್ನೊಮ್ಮೆ ಮಾಡು ಎಂದರು. ಮಾಡಿದೆ. ನಾನೂ ಮಾಡ್ತೇನೆ ಎಂದು ಸೆವ್ರಿನ್ ಅಡುಗೆಮನೆಯಿಂದ ಚೊಂಬಿನಂಥದ್ದೇನೋ ತಂದು ನನಗಿಂತ ಎತ್ತರದಿಂದ ಸುರಿದುಕೊಂಡು ತೋರಿಸಿದಳು. ಹಸಿಂತಾ ಎಡಗೈಯಿಂದ ತೊಡೆ ತಟ್ಟಿದರು.

"ಇದು ಆಗ ಗೊತ್ತಿದ್ದಿದ್ದರೆ ಶೂಟಿಂಗ್ ಮಧ್ಯೆ ಲಿಪ್‌ಸ್ಟಿಕ್ ಕೆಡಿಸಿಕೊಳ್ಳದೆ ನೀರು ಕುಡೀಬಹುದಿತ್ತಂತೆ," ಎಂದು ಇನೆಸ್ ನಕ್ಕಳು. ತಿಂಗಳ ಮೇಲೆ ಆ ಮನೆಯಲ್ಲಿ ನಕ್ಕದ್ದು ಅದೇ ಮೊದಲಂತೆ.

ಆ ದಿನ ಹೊರಡುವ ಮುಂಚೆ ಚಹಾ ಕೊಡುತ್ತ ಇನೆಸ್ ತಾಯಿಯ ಕತೆ ಹೇಳಿದಳು. ಮೆಕ್ಸಿಕೋದ ಉತ್ತರಕ್ಕೆ ಧೂಳಿನ ಊರು. ತಾಯಿ ರೈಲುನಿಲ್ದಾಣದಲ್ಲಿ ಮೆಕ್ಕೆಜೋಳದ ಕಡುಬು ಮಾರುವವಳು. ಹುಡುಗಿ ಹಸಿಂತಾ ಬುಟ್ಟಿ ಹೊತ್ತು ಬೋಗಿಯಿಂದ ಬೋಗಿಗೆ ಕೂಗುತ್ತ ಓಡುತ್ತಿದ್ದಳು. ಒಂದು ದಿನ ಸಿನಿಮಾದವರಿದ್ದ ರೈಲು ಎಂಜಿನ್ ಕೆಟ್ಟು ಅಲ್ಲೇ ನಿಂತಿತು. ನಿರ್ದೇಶಕ ಕಿಟಕಿಯಿಂದ ಕಡುಬು ಕೊಂಡ, ತಿನ್ನಲಿಲ್ಲ, ಇನ್ನೊಮ್ಮೆ ಕೂಗು ಎಂದ. ಕೂಗಿದಳು. ಮುಂದಿನ ವರ್ಷ ಅವಳು ರಾಜಧಾನಿಯಲ್ಲಿದ್ದಳು, ಹೊಸ ಹೆಸರಿನಲ್ಲಿ.

ದಂಗೆಯ ಕಾಲದ ಬಂದೂಕಿನ ಹೆಂಗಸು, ಜೂಜುಕಟ್ಟೆಯ ಒಡತಿ, ಸನ್ಯಾಸಿನಿ, ರಾಣಿ, ಏನೆಲ್ಲ ಆದರು. ಊರೂರಿನಲ್ಲಿ ಅವರ ಪೋಸ್ಟರುಗಳು. ಆದರೆ ಒಪ್ಪಂದದಲ್ಲಿ ನಡುವಿನ ಅಳತೆ ಬರೆದಿರುತ್ತಿತ್ತು. ಸೋಮವಾರ ಬಂತೆಂದರೆ ತೂಕ. ಮಧ್ಯಾಹ್ನಕ್ಕೆ ಬೇಯಿಸಿದ ಮೊಟ್ಟೆ, ಸಕ್ಕರೆಯಿಲ್ಲದ ಕಾಫಿ. ಔತಣದ ದೃಶ್ಯಗಳಲ್ಲಿ ಅಗಿದು, ಕ್ಯಾಮೆರಾ ನಿಂತ ಕೂಡಲೇ ಕುರ್ಚಿಯ ಹಿಂದಿಟ್ಟ ಬಟ್ಟಲಿಗೆ ಉಗಿಯಬೇಕಿತ್ತು. ಹೊಟ್ಟೆ ತುಂಬ ತಿನ್ನಬಹುದಾಗಿದ್ದ ಕಡುಬಿನ ಹುಡುಗಿ ಸಿರಿವಂತಳಾದ ಮೇಲೆ ಹಸಿದಳು.

"ಎಷ್ಟೋ ವರ್ಷ ಹೀಗೇ ಹೋಯ್ತು," ಎಂದಳು ಇನೆಸ್. "ಒಂದು ಸಲ ಹೊಸ ಒಪ್ಪಂದಕ್ಕೆ ಸಹಿ ಹಾಕಿಸಿಕೊಳ್ಳೋಕೆ ನಿರ್ಮಾಪಕರು ಊಟಕ್ಕೆ ಕರೆದರು. ಅಮ್ಮ ಮಾಂಸ, ರಾಜ್ಮಾ, ರೊಟ್ಟಿ ಎಲ್ಲ ತರಿಸಿಕೊಂಡು ಅವರ ಕಣ್ಣೆದುರಿಗೇ ತಟ್ಟೆ ಒರೆಸಿ ತಿಂದು, ಕೈ ತೊಳೆದುಕೊಂಡು, ಸಹಿ ಹಾಕದೆ ಎದ್ದು ಬಂದುಬಿಟ್ಟರು. ಅಲ್ಲಿಗೆ ಸಿನಿಮಾ ಮುಗೀತು. ನನ್ನ ಅಪ್ಪ ಧ್ವನಿಮುದ್ರಣದವರು, ಹೊರಗೆ ಕಾಯ್ತಿದ್ರು. ಇಬ್ಬರೂ ಹೋಗಿ ಇನ್ನೊಮ್ಮೆ ಊಟ ಮಾಡಿದರಂತೆ."

ಆಮೇಲೆ ನಾಟಕ. ಎಷ್ಟೋ ಕಾಲದ ಮೇಲೆ ಟೀವಿ ಧಾರಾವಾಹಿಗಳ ಅಜ್ಜಿ. ಸಿನಿಮಾ ನೋಡಿರದ ಮಕ್ಕಳೂ ಬೀದಿಯಲ್ಲಿ ಅಜ್ಜೀ ಎಂದು ಕೂಗುತ್ತಿದ್ದರಂತೆ. ಗಂಡ ತೀರಿಕೊಂಡ ಮೇಲೆ ಮಗಳ ಜೊತೆ ದುಬೈಗೆ ಬಂದರು. ಇಲ್ಲಿನ ಮರಳು, ಧೂಳು ಕಂಡು, ಊರಿಗೇ ಬಂದ ಹಾಗಾಯಿತು ಎಂದರಂತೆ.

"ಈಗ ಅಮ್ಮ ಹೇಳೋದು ಒಂದೇ ಮಾತು," ಎಂದಳು ಇನೆಸ್. "ನನ್ನ ಊಟವನ್ನ ಮತ್ತೆ ಬೇರೆಯವರು ತೀರ್ಮಾನ ಮಾಡ್ತಿದ್ದಾರೆ ಅಂತ."

ಮೂಗಿನ ನಳಿಕೆಯನ್ನು ಬಹಳ ದಿನ ಇಡಲಾಗದು. ನುಂಗುವುದು ಸರಿಹೋಗದಿದ್ದರೆ ಹೊಟ್ಟೆಗೇ ರಂಧ್ರ ಮಾಡಿ ಶಾಶ್ವತವಾಗಿ ನಳಿಕೆ ಕೂರಿಸಬೇಕು ಎಂದು ವೈದ್ಯರು ಹೇಳಿದ್ದರು. ಹಸಿಂತಾ ಒಪ್ಪಿರಲಿಲ್ಲ. ಬಲವಂತ ಮಾಡಿದರೆ ಅದನ್ನೂ ಕೀಳುತ್ತೇನೆ ಎಂದಿದ್ದರು. ಇನೆಸ್ ಇದನ್ನು ಹೇಳುವಾಗ ಚಹಾ ಲೋಟವನ್ನು ಸುಮ್ಮನೆ ತಿರುಗಿಸುತ್ತಿದ್ದಳು.

ಶನಿವಾರ ಮಧ್ಯಾಹ್ನ ರಘು ಆ ನಟಿಯ ಚಿತ್ರವೊಂದನ್ನು ಅಂತರ್ಜಾಲದಲ್ಲಿ ಹುಡುಕಿದ. ಕೆಳಗೆ ಅನುವಾದದ ಅಕ್ಷರಗಳಿಲ್ಲ, ಭಾಷೆ ಬಾರದು. ಕತೆ ಮಾತ್ರ ಕಣ್ಣಿಗೇ ತಿಳಿಯುತ್ತಿತ್ತು. ನಾಯಕಿಯಾದ ಅವಳ ಗಂಡನನ್ನು ಗುಂಡಿಟ್ಟು ಕೊಂದ ಸೇನಾಧಿಕಾರಿ, ಅವಳು ಯಾರೆಂದು ತಿಳಿಯದೆ, ಅವಳದೇ ಹೋಟೆಲಿಗೆ ಊಟಕ್ಕೆ ಬರುತ್ತಾನೆ. ಅವಳು ಅವನ ಮದ್ಯಕ್ಕೆ ವಿಷ ಬೆರೆಸಿ ತಂದಿಡುತ್ತಾಳೆ. ಅವನು ಲೋಟ ಎತ್ತಿದವನು ನಗುತ್ತ ಅವಳ ಕಡೆ ಸರಿಸುತ್ತಾನೆ. ಮೊದಲು ನೀನು.

ಅವಳು ಕುಡಿಯುತ್ತಾಳೆ. ಮುಖದಲ್ಲಿ ಏನೂ ಇಲ್ಲ. ಕಣ್ಣು ಅವನ ಮೇಲೆ. ಕ್ಯಾಮೆರಾ ಹತ್ತಿರ ಬರುತ್ತದೆ. ಗುಟುಕು ಬಾಯಲ್ಲೇ ಇದೆ, ಉಗಿಯಬಹುದು, ಇನ್ನೂ ಸಮಯವಿದೆ ಎಂದು ನೋಡುವವರಿಗೆ ಗೊತ್ತು. ಆಮೇಲೆ ಗಂಟಲು ನಿಧಾನವಾಗಿ ಮೇಲೇರಿ ಇಳಿಯುತ್ತದೆ. ಅಷ್ಟೇ. ಅದರಲ್ಲಿ ಗಂಡನೂ ಇದ್ದ, ಸಾವೂ ಇತ್ತು, ತೀರ್ಮಾನವೂ ಇತ್ತು. ಅವಳು ಲೋಟವನ್ನು ಅವನಿಗೆ ಕೊಟ್ಟಳು.

ಸಿನಿಮಾ ಹಾಕಿದರೆ ಕಡಲೆಕಾಯಿ ನಿಲ್ಲಿಸದ ರಘು ಕೈಯಲ್ಲಿದ್ದದ್ದನ್ನು ಕೈಯಲ್ಲೇ ಇಟ್ಟುಕೊಂಡು ಕೂತಿದ್ದ. "ಇವರನ್ನಾ ನೀನು ನೋಡ್ತಿರೋದು?" ಎಂದ. ಇಷ್ಟು ವರ್ಷ ಗಂಟಲುಗಳನ್ನು ನೋಡಿದವಳು ನಾನು. ಹಾಗೆ ನುಂಗಿದವರನ್ನು ಕಂಡಿರಲಿಲ್ಲ. ಆ ಗಂಟಲಿಗೆ ನಾನು ಪುಡಿ ಬೆರೆಸಿದ ನೀರು ಕೊಟ್ಟು ಪಾಠ ಹೇಳಲು ಹೋಗಿದ್ದೆ.

ಮುಂದಿನ ಸಲ ಹೋದಾಗ ಕೈಕಟ್ಟಿ ಕೂತ ವಿದ್ಯಾರ್ಥಿಯ ಹಾಗಿದ್ದೆ. ಆದರೂ ಕೆಲಸ ಬಿಡುವಂತಿಲ್ಲ. ಉಗುಳನ್ನೇ ಬಲವಾಗಿ, ದೊಡ್ಡದೇನನ್ನೋ ನುಂಗುವ ಹಾಗೆ ನುಂಗುವ ಒಂದು ವ್ಯಾಯಾಮವಿದೆ. ಅದನ್ನು ಹೇಳಿಕೊಟ್ಟೆ. ಅವರು ಕೇಳಿಸಿಕೊಂಡು ಒಂದು ಪ್ರಶ್ನೆ ಕೇಳಿದರು.

"ಈ ಹೆಂಗಸು ಯಾಕೆ ನುಂಗುತ್ತಾಳೆ ಅಂತ ಕೇಳ್ತಿದ್ದಾರೆ," ಎಂದಳು ಇನೆಸ್.

"ಯಾವ ಹೆಂಗಸು?"

"ಅಮ್ಮ ಅಭಿನಯಿಸಬೇಕಾದ ಹೆಂಗಸು. ಕಾರಣ ಗೊತ್ತಿಲ್ಲದೆ ಅಮ್ಮ ಏನೂ ಮಾಡಲ್ಲ."

ಸ್ನಾಯು ಗಟ್ಟಿಯಾಗಲಿ ಎನ್ನುವುದು ಕಾರಣವಲ್ಲ ಎಂದು ನನಗೇ ಅನ್ನಿಸಿತು. ಆ ಚಿತ್ರ ನೋಡಿದೆ ಎಂದೆ. ವಿಷ ಕುಡಿಯುವಾಗ ಏನು ಯೋಚಿಸುತ್ತಿದ್ದಿರಿ ಎಂದು ಕೇಳಿದೆ. ಹಸಿಂತಾ ಕಿಟಕಿಯ ಕಡೆ ತಿರುಗಿದರು. ಒಂದು ವಿಮಾನ ಹೋಗುವವರೆಗೆ ಕಾದರು. ಆಮೇಲೆ ಮುರಿದ ಮುರಿದ ಮಾತಿನಲ್ಲಿ ಹೇಳಿದರು. ಇನೆಸ್ ಅನುವಾದಿಸುವುದನ್ನು ಮಧ್ಯೆ ಒಮ್ಮೆ ನಿಲ್ಲಿಸಿಬಿಟ್ಟಳು. ಅವಳಿಗೂ ಅದು ಹೊಸದು.

"ಲೋಟದಲ್ಲಿದ್ದದ್ದು ಬರೀ ನೀರು. ಬೆಳಿಗ್ಗೆಯಿಂದ ಏನೂ ತಿಂದಿರಲಿಲ್ಲ. ಸೆಟ್ಟಿನ ಹಿಂದೆ ಬಡಗಿಗಳು ರೊಟ್ಟಿ ಸುಟ್ಟುಕೊಳ್ತಿದ್ದರು. ವಾಸನೆ ಬರ್ತಿತ್ತು. ನೀರಿನ ಜೊತೆ ಆ ರೊಟ್ಟಿ ನುಂಗಿದೆ. ಗಂಡ, ವಿಷ ಯಾವುದೂ ನೆನಪಿರಲಿಲ್ಲ. ನಿರ್ದೇಶಕ ಅಳ್ತಿದ್ದ. ನಾನು ಹೋಗಿ ಬಡಗಿಗಳ ಹತ್ತಿರ ನಿಂತ್ಕೊಂಡೆ. ಕೊಡೋಕೆ ಅವರಿಗೆ ಹೆದರಿಕೆ."

ನಾನು, "ಹಾಗಾದರೆ ಆ ರೊಟ್ಟಿಯನ್ನೇ ಇನ್ನೊಮ್ಮೆ ನುಂಗಿ," ಎಂದೆ. ಅವರ ಗಂಟಲ ಮೇಲೆ ಬೆರಳಿಟ್ಟು ಕೂತೆ. ಬೆರಳ ಕೆಳಗೆ ಗಂಟಲಿನ ಮೂಳೆ, ಅಲ್ಲಿಯವರೆಗೆ ಅರ್ಧಕ್ಕೇ ನಿಲ್ಲುತ್ತಿದ್ದದ್ದು, ಮೇಲೇರಿತು.

ಅಂದಿನಿಂದ ಅವರು ತಾವಾಗಿಯೇ ಅಭ್ಯಾಸ ಮಾಡಿದರು. ಪುಡಿ ಬೆರೆಸಿದ ನೀರನ್ನೂ ಉಗಿಯಲಿಲ್ಲ. ಸೆವ್ರಿನ್ ಹೇಳುತ್ತಿದ್ದಳು, "ನಾನು ನೆನಪು ಮಾಡುದೇ ಬೇಡ ಮೇಡಂ. ಮೂತಿ ಗಂಟು ಹಾಕಿಕೊಂಡು ಮಾಡ್ತಾ ಇರ್ತಾರೆ. ನಾನು ಮಾತಾಡಿದ್ರೆ ಶ್ ಅಂತಾರೆ."

ಕಡೆಗೆ ಪರೀಕ್ಷೆಯ ದಿನ ಬಂತು. ಆಸ್ಪತ್ರೆಯಲ್ಲಿ, ಪರದೆಯ ಮೇಲೆ ಕಪ್ಪಾಗಿ ಕಾಣುವ ಬಿಳಿ ಔಷಧ ಬೆರೆಸಿದ ದ್ರವ ಕುಡಿಸಿ, ನುಂಗುವುದನ್ನು ಎಕ್ಸ್‌ರೇಯಲ್ಲಿ ಚಲಿಸುವ ಚಿತ್ರವಾಗಿ ಹಿಡಿಯುತ್ತಾರೆ. ಅದು ಚೆನ್ನಾಗಿ ಬಂದರೆ ಬಾಯಿಂದ ಊಟ, ಇಲ್ಲವಾದರೆ ಹೊಟ್ಟೆಗೆ ನಳಿಕೆ. ಇಷ್ಟರ ಮಟ್ಟಿಗೆ ಇನೆಸ್ ತಾಯಿಯನ್ನು ಒಪ್ಪಿಸಿದ್ದಳು. ಹಸಿಂತಾ ತುಟಿಗೆ ಬಣ್ಣ ಹಚ್ಚಿಸಿಕೊಂಡು, ಕೂದಲು ಬಾಚಿಸಿಕೊಂಡು ಬಂದಿದ್ದರು. ಹಿಂದೆ ಇನ್ಯಾರೋ ನುಂಗಿದ ಚಿತ್ರ ನೋಡಬೇಕೆಂದರು. ಹೆಸರಿಲ್ಲದ್ದೊಂದನ್ನು ಪರದೆಯ ಮೇಲೆ ತೋರಿಸಿದೆವು. ಬೂದು ಬಣ್ಣದಲ್ಲಿ ದವಡೆ, ಕತ್ತಿನ ಮೂಳೆಗಳು, ನೆರಳಿನಂಥ ನಾಲಗೆ.

"ಇದರಲ್ಲಿ ಕಣ್ಣೇ ಇಲ್ಲವಲ್ಲ. ಯಾವುದರಿಂದ ಅಭಿನಯಿಸಲಿ?" ಎಂದರು.

"ಗಂಟಲಿನಿಂದ," ಎಂದೆ.

ತಂತ್ರಜ್ಞ ಈಜಿಪ್ಟಿನವನು, ನಗುಮುಖದವನು. ಯಂತ್ರ ಸರಿಮಾಡಿ ಗಾಜಿನ ಹಿಂದಿನಿಂದ, "ಯಲ್ಲಾ ಮಾಮಾ," ಎಂದ. ನಡೀಲಿ ಅಮ್ಮಾ ಎಂದು ಅದರರ್ಥ. ಶುರುಮಾಡು ಎಂಬ ಅಪ್ಪಣೆಗೆ ಕಾಯುತ್ತಿದ್ದ ನಟಿ ಕೂಡಲೇ ನುಂಗಿದರು.

ಕದ ತಡವಾಯಿತು. ಕಪ್ಪು ದಾರದಂಥ ಒಂದು ಎಳೆ ಉಸಿರಿನ ದಾರಿಗೆ ಇಳಿಯಿತು. ಅವರಿಗೆ ಕೆಮ್ಮೂ ಬರಲಿಲ್ಲ. ಕೆಮ್ಮು ಬಾರದಿರುವುದೇ ಹೆಚ್ಚು ಅಪಾಯ. ಇನೆಸ್ ನನ್ನ ಮುಖ ನೋಡಿ ಗೋಡೆಗೆ ಒರಗಿದಳು. ಹಸಿಂತಾ ಮಾತ್ರ, ತೋರಿಸಿ ಎಂದರು. ಪರದೆಯನ್ನು ಅವರ ಕಡೆ ತಿರುಗಿಸಿದೆವು. ಅವರು ಮುಂದಕ್ಕೆ ಬಾಗಿ ತಮ್ಮದೇ ಮೂಳೆಗಳನ್ನು ಒಂದು ಚೂರೂ ಅಳುಕದೆ, ಇನ್ನೊಬ್ಬ ನಟಿಯ ಕೆಲಸ ನೋಡುವ ಹಾಗೆ ನೋಡಿದರು. ಮುಚ್ಚುವ ಕದ ಯಾವುದು ಎಂದು ಕೇಳಿದರು. ಬೆರಳಿಟ್ಟು ತೋರಿಸಿದೆ.

"ಅವಳು ತಡವಾಗಿ ಬಂದಳು," ಎಂದರು.

"ಹೌದು. ಗದ್ದ ಎದೆಗೆ ತಾಗಿಸಿ, ಬಾಯಲ್ಲಿ ಸ್ವಲ್ಪ ತಡೆದು, ಆಮೇಲೆ ಬಲವಾಗಿ," ಎಂದೆ. ಎಲ್ಲ ಅಭ್ಯಾಸ ಮಾಡಿದ್ದೇ.

ಎರಡನೆಯ ಸಲ ದ್ರವವನ್ನು ಬಾಯಲ್ಲಿ ಹಿಡಿದು ಗದ್ದ ಇಳಿಸಿದರು. ಇಳಿಸಿದವರು ಹಾಗೇ ಇದ್ದರು. ತಂತ್ರಜ್ಞ ನನ್ನ ಕಡೆ ನೋಡಿದ. ಪರದೆಯ ಮೇಲೆ ಆ ಕಪ್ಪು ಉಂಡೆ ನಾಲಗೆಯ ಮೇಲೆ ನಿಂತೇ ಇತ್ತು. ಯಾವ ವಾಸನೆಗೆ ಕಾಯುತ್ತಿದ್ದಾರೆಂದು ಗೊತ್ತಿದ್ದವರು ಆ ಕೋಣೆಯಲ್ಲಿ ನಾನೂ ಇನೆಸೂ ಮಾತ್ರ. ಆಮೇಲೆ ಗಂಟಲಿನ ಮೂಳೆ ಮೇಲೇರಿತು, ಕದ ಬಂದು ಒತ್ತಿ ಮುಚ್ಚಿತು, ಉಂಡೆ ಪೂರ್ತಿಯಾಗಿ, ಒಂದು ಎಳೆಯೂ ಉಳಿಯದೆ ಕೆಳಗಿಳಿಯಿತು. ಆ ಶನಿವಾರ ಸಿನಿಮಾದಲ್ಲಿ ಕಂಡ ಅದೇ ಗುಟುಕು. ಈ ಸಲ ಒಳಗಿನಿಂದ.

"ಮಾಶಾ ಅಲ್ಲಾ," ಎಂದ ತಂತ್ರಜ್ಞ.

ಹಸಿಂತಾ ಇನ್ನೊಮ್ಮೆ ಎಂದು ಬೆರಳೆತ್ತಿದರು. ಬೇಕಿಲ್ಲ, ಬಂದಿದೆ ಎಂದೆ. ಒಂದು ಸಲ ಬಂದದ್ದು ಲೆಕ್ಕಕ್ಕಿಲ್ಲ ಎಂದರು. ಮೂರನೆಯದು ಎರಡನೆಯದರ ಹಾಗೇ ಇತ್ತು. ಅದೇ ತಡೆ, ಅದೇ ಏರು, ಅದೇ ಮುಚ್ಚುವಿಕೆ. ಎರಡು ಚಿತ್ರಗಳನ್ನೂ ಆಮೇಲೆ ಪಕ್ಕ ಪಕ್ಕದಲ್ಲಿ ಓಡಿಸಿ ನೋಡಿದ ವೈದ್ಯರು, ಒಂದು ಇನ್ನೊಂದರ ನಕಲೇ ಎಂದು ನನ್ನನ್ನು ಕೇಳಿದರು. ಹೊಟ್ಟೆಗೆ ನಳಿಕೆ ಬೇಡ, ಮೆತ್ತಗಿನ ಊಟ ಶುರುಮಾಡಿ ಎಂದು ಬರೆದರು. ಇನೆಸ್ ಹೊರಗೆ ಹೋಗಿ ಕಾರಿಡಾರಿನಲ್ಲಿ ಅತ್ತು ಬಂದಳು.

ಏನು ತಿನ್ನುತ್ತೀರಿ ಎಂದಾಗ ಹಸಿಂತಾ ಕೇಳಿದ್ದು ಮೆಕ್ಕೆಜೋಳದ ಹಿಟ್ಟನ್ನು ಹಾಲಿನಲ್ಲಿ ಕಾಯಿಸಿ, ಬೆಲ್ಲ ಚಕ್ಕೆ ಹಾಕಿ ಮಾಡುವ ಅವರ ಊರಿನ ಗಂಜಿ. ಇನೆಸ್ ದೇರಾದ ಅಂಗಡಿಗಳನ್ನೆಲ್ಲ ಅಲೆದು ಬೇಕಾದ ಹಿಟ್ಟು ತಂದಳು. ನಾನು ಹದ ನೋಡಿ ಸರಿ ಎಂದೆ. ಸೆವ್ರಿನ್ ಸೌಟಿನಲ್ಲಿ ತಿರುಗಿಸುತ್ತ, "ಇದು ನಮ್ಮ ಮಣ್ಣಿ, ನಿಮ್ಮ ಹಾಲುಬಾಯಿ, ಮಾಡುವಾಗ ಬರುವ ಪರಿಮಳವೇ ಮೇಡಂ," ಎಂದಳು.

ಮೇಜಿನ ಮೇಲೆ ಒಂದೇ ಬಟ್ಟಲು ಇಟ್ಟೆವು. ಇನೆಸ್ ಎದುರಿಗೆ, ನಾನು ಪಕ್ಕದಲ್ಲಿ, ಸೆವ್ರಿನ್ ಹಿಂದೆ, ಮೂವರೂ ನಿಂತಿದ್ದೆವು. ಹಸಿಂತಾ ಎಡಗೈಯಲ್ಲಿ ಚಮಚ ಎತ್ತಿದವರು ಕೆಳಗಿಟ್ಟರು. ನಮ್ಮನ್ನು ಒಬ್ಬೊಬ್ಬರನ್ನಾಗಿ ನೋಡಿದರು.

"ನೋಡ್ತಾ ನಿಲ್ಲಬೇಡಿ ಅಂತಿದ್ದಾರೆ," ಎಂದಳು ಇನೆಸ್. "ಜೀವಮಾನವೆಲ್ಲ ಜನ ನೋಡಿದ್ದಾಯ್ತಂತೆ. ಕೂತ್ಕೊಂಡು ನೀವೂ ಊಟ ಮಾಡಿ ಅಂತಾರೆ."

ಸೆವ್ರಿನ್ ಇನ್ನೂ ಮೂರು ಬಟ್ಟಲು ತಂದಳು. ಕೂತೆವು. ಬಿಸಿಯಾಗಿತ್ತು, ಎಲ್ಲರೂ ಊದಿಕೊಂಡು ತಿಂದೆವು. ಸ್ವಲ್ಪ ಹೊತ್ತಿನ ಮೇಲೆ ಹಸಿಂತಾ ಖಾಲಿ ಬಟ್ಟಲನ್ನು ಸೆವ್ರಿನ್ ಕಡೆಗೆ ನೂಕಿ ಒಂದೇ ಒಂದು ಪದ ಹೇಳಿದರು. ಅದನ್ನು ಯಾರೂ ಅನುವಾದಿಸಲಿಲ್ಲ. ಸೆವ್ರಿನ್ ಎದ್ದು ಹೋಗಿ ಇನ್ನೊಂದು ಸೌಟು ತಂದು ಹಾಕಿದಳು.